ಹಳೇ ಸ್ಕ್ಯಾನರ್ ಬಿಡಿ, ರೂಟರ್ ತಿರುಗಿಸಿ ನೋಡಿ

ಈ ಸಲ ಬಂದ ಪತ್ರಗಳಲ್ಲಿ ಮುಕ್ಕಾಲು ಪಾಲು ವೈ-ಫೈ ಬಗ್ಗೆಯೇ ಇವೆ. ಪ್ರಿಂಟರ್ ಕೈಕೊಟ್ಟವರು, ಬಿಲ್ಲಿಂಗ್ ಸಾಫ್ಟ್‌ವೇರ್ ತೆರೆಯದವರು ಮುಂದಿನ ಸಂಚಿಕೆಯವರೆಗೆ ಸ್ವಲ್ಪ ತಡೆದುಕೊಳ್ಳಿ. ನಾನು ತುಮಕೂರಿನಲ್ಲಿ ಕೇಬಲ್ ಎಳೆಯುತ್ತಾ, ರೂಟರ್ ಕೂರಿಸುತ್ತಾ ಇಪ್ಪತ್ತು ವರ್ಷ ಕಳೆದವನು. ಪುಸ್ತಕದಲ್ಲಿ ಓದಿದ್ದಕ್ಕಿಂತ ಏಣಿ ಮೇಲೆ ನಿಂತು ಕಲಿತದ್ದೇ ಜಾಸ್ತಿ. ಹಾಗಾಗಿ ಉತ್ತರವೂ ಹಾಗೇ ಇರುತ್ತದೆ.

ಪ್ರಶ್ನೆ: ಸರ್, ನಮ್ಮದು ಕೊಬ್ಬರಿ ವ್ಯಾಪಾರ. ಅಂಗಡಿಯಲ್ಲಿ ಫೈಬರ್ ನೆಟ್ ಇದೆ. ಸಂಜೆ ಆರರ ಮೇಲೆ ವಿಪರೀತ ನಿಧಾನ. ಯಾರೋ ನಮ್ಮ ವೈ-ಫೈ ಕದ್ದು ಬಳಸುತ್ತಿದ್ದಾರೆ ಅಂತ ಅನುಮಾನ. ಅಣ್ಣನ ಮಗ ಪೆನ್‌ಡ್ರೈವ್‌ನಲ್ಲಿ ಒಂದು ಹಳೇ ಐಪಿ ಸ್ಕ್ಯಾನರ್ (ನೆಟ್‌ಗೆ ಸೇರಿಕೊಂಡ ಸಾಧನಗಳನ್ನು ಹುಡುಕಿ ತೋರಿಸುವ ಸಾಫ್ಟ್‌ವೇರ್) ತಂದಿದ್ದಾನೆ. ‘ಇದನ್ನ ಓಡಿಸಿದ್ರೆ ಎಲ್ಲಾ ಬಯಲಾಗುತ್ತೆ ಚಿಕ್ಕಪ್ಪ’ ಅಂತಾನೆ. ಆದರೆ ಆಂಟಿವೈರಸ್ ಅದನ್ನು ಹಿಡಿದು ಅಳಿಸುತ್ತಿದೆ. ಆಂಟಿವೈರಸ್ ಆಫ್ ಮಾಡಿ ಹಾಕಬಹುದಾ?
— ಹೆಸರು ಬೇಡ ಎಂದವರು, ತಿಪಟೂರು

ಉತ್ತರ: ಬೇಡ. ಆ ಪೆನ್‌ಡ್ರೈವ್ ಅನ್ನು ಹುಡುಗನಿಗೆ ವಾಪಸ್ ಕೊಡಿ.

ಬೈಯಬೇಡಿ, ಅವನ ಉದ್ದೇಶ ಒಳ್ಳೆಯದೇ. ಆಂಟಿವೈರಸ್ ಕೂಗಿದ್ದಕ್ಕೆ ಅದು ವೈರಸ್ಸೇ ಅಂತಲೂ ಹೇಳಲಾಗದು. ನೆಟ್‌ವರ್ಕ್ ಸ್ಕ್ಯಾನರ್ ಅಂದರೆ ಹಾರೆ ಇದ್ದ ಹಾಗೆ. ಕಾಯಿ ಸುಲಿಯುವುದಕ್ಕೂ ಅದೇ, ಬಾಗಿಲು ಮೀಟುವುದಕ್ಕೂ ಅದೇ. ಅಸಲಿ ಸ್ಕ್ಯಾನರ್‌ಗಳನ್ನೂ ಕೆಲವು ಆಂಟಿವೈರಸ್‌ಗಳು ‘ಇದು ಹ್ಯಾಕಿಂಗ್ ಸಾಧನ’ ಅಂತ ತಡೆಯುತ್ತವೆ. ತೊಂದರೆ ಇರುವುದೇ ಇಲ್ಲಿ. ‘ಸ್ಕ್ಯಾನರ್ ಅಂದ್ರೆ ಆಂಟಿವೈರಸ್ ಕೂಗೇ ಕೂಗುತ್ತೆ, ಆಫ್ ಮಾಡಿ ಹಾಕ್ಕೊಳ್ಳಿ’ ಅನ್ನೋ ಮಾತು ನಮ್ಮ ಕಸುಬಿನವರ ಬಾಯಲ್ಲಿ ರೂಢಿಯಾಗಿಬಿಟ್ಟಿದೆ. ನಿಜವಾದ ಕಳ್ಳ ಮಾಲು ಒಳಗೆ ಬರುವುದೂ ಇದೇ ಮಾತಿನ ಮರೆಯಲ್ಲಿ. ಅಸಲಿಗೂ ಕೂಗು, ನಕಲಿಗೂ ಕೂಗು. ನಾವು ಎರಡಕ್ಕೂ ಕಿವಿ ಮುಚ್ಚಿಕೊಂಡು ಕೂತಿರುತ್ತೇವೆ.

ನಾನೂ ಹೀಗೇ ಬಿದ್ದವನು. 2013ರ ಸುಮಾರು. ಮಂಡಿಪೇಟೆಯ ಒಂದು ಬಟ್ಟೆ ಅಂಗಡಿ. ಬಿಲ್ಲಿಂಗ್ ಮಿಷನ್‌ಗೆ ಪ್ರಿಂಟರ್ ಸಿಗುತ್ತಿರಲಿಲ್ಲ. ಪ್ರಿಂಟರ್‌ನ ಐಪಿ, ಅಂದರೆ ನೆಟ್‌ವರ್ಕ್‌ನಲ್ಲಿ ಅದರ ವಿಳಾಸ, ಹುಡುಕೋಣ ಅಂತ ಅದೇ ಮಿಷನ್‌ನಲ್ಲಿ ಸ್ಕ್ಯಾನರ್ ಹೆಸರು ಟೈಪ್ ಮಾಡಿ, ಕಣ್ಣಿಗೆ ಬಿದ್ದ ಮೊದಲ ಡೌನ್‌ಲೋಡ್ ಸೈಟಿಗೆ ಹೋದೆ. ಪುಟದಲ್ಲಿ ಮೂರು ಹಸಿರು ‘ಡೌನ್‌ಲೋಡ್’ ಗುಂಡಿ. ದೊಡ್ಡದನ್ನು ಒತ್ತಿದೆ. ನೆಕ್ಸ್ಟ್, ನೆಕ್ಸ್ಟ್, ಫಿನಿಶ್. ಸ್ಕ್ಯಾನರ್ ಬಂತು, ಪ್ರಿಂಟರ್ ಸಿಕ್ಕಿತು, ಖುಷಿ. ಬ್ರೌಸರ್ ತೆರೆದರೆ ಮೇಲೆ ಎರಡು ಹೊಸ ಟೂಲ್‌ಬಾರ್, ಹೋಮ್ ಪೇಜು ಯಾವುದೋ ಊರಿನದು, ಮೂಲೆಯಲ್ಲಿ ‘ನಿಮ್ಮ ಕಂಪ್ಯೂಟರ್‌ನಲ್ಲಿ 412 ದೋಷಗಳಿವೆ’ ಅಂತ ಮಿಣುಕು. ಯಜಮಾನರು ಗಲ್ಲಾದಲ್ಲೇ ಕೂತು ನೋಡುತ್ತಿದ್ದರು. ಅದನ್ನೆಲ್ಲ ಕಿತ್ತು ತೆಗೆಯುವಷ್ಟರಲ್ಲಿ ಮಧ್ಯಾಹ್ನದ ಊಟ ಹೋಯಿತು, ಪ್ರಿಂಟರ್ ಸರಿ ಮಾಡಿದ ಕೂಲಿ ಕೇಳಲು ಬಾಯೂ ಬರಲಿಲ್ಲ. ಅವರೇ ಕಾಫಿ ತರಿಸಿ ಕೊಟ್ಟರು. ಅದು ಇನ್ನೂ ಕಷ್ಟವಾಯಿತು.

ಇಂಥದ್ದು ನನ್ನೊಬ್ಬನ ದಡ್ಡತನ ಅಂದುಕೊಂಡಿದ್ದೆ. ಆಮೇಲೆ ಗೊತ್ತಾಯಿತು, ಸ್ಕ್ಯಾನರ್‌ಗಳಲ್ಲೇ ಹೆಸರುವಾಸಿಯಾದ ಎನ್‌ಮ್ಯಾಪ್ ಮಾಡಿದ ಗೋರ್ಡನ್ ಲಿಯಾನ್ ಅವರೇ 2011ರ ಡಿಸೆಂಬರ್‌ನಲ್ಲಿ ಬಹಿರಂಗವಾಗಿ ಸಿಟ್ಟಾಗಿದ್ದರು. ಅವರ ಉಚಿತ ಸಾಫ್ಟ್‌ವೇರ್‌ಗೆ ಡೌನ್‌ಲೋಡ್ ಡಾಟ್ ಕಾಮ್ ತನ್ನದೇ ಇನ್‌ಸ್ಟಾಲರ್ ಸುತ್ತಿ, ಜೊತೆಗೆ ಟೂಲ್‌ಬಾರ್ ಕಟ್ಟಿ ಕೊಡುತ್ತಿತ್ತು. ಮಾಡಿದವರ ಹೆಸರು ಅಸಲಿ, ಪೊಟ್ಟಣ ಬೇರೆಯವರದು.

ಅದು ಟೂಲ್‌ಬಾರ್ ಕಾಲ. ಈಗಿನದು ಅಷ್ಟು ಸೌಮ್ಯವಾಗಿಲ್ಲ. 2024ರ ಏಪ್ರಿಲ್‌ನಲ್ಲಿ ಝೀಸ್ಕೇಲರ್ ಎಂಬ ಭದ್ರತಾ ಕಂಪನಿಯ ಸಂಶೋಧಕರು ಒಂದು ಜಾಲವನ್ನು ಬಯಲು ಮಾಡಿದರು. ಅಡ್ವಾನ್ಸ್‌ಡ್ ಐಪಿ ಸ್ಕ್ಯಾನರ್, ಆಂಗ್ರಿ ಐಪಿ ಸ್ಕ್ಯಾನರ್ ಇಂಥವುಗಳ ಹೆಸರಿನಲ್ಲೇ, ಒಂದೆರಡು ಅಕ್ಷರ ಆಚೀಚೆ ಮಾಡಿ ಕಳ್ಳರು ಸೈಟುಗಳನ್ನು ಕಟ್ಟಿದ್ದರು. ಗೂಗಲ್‌ಗೆ ದುಡ್ಡು ಕೊಟ್ಟು ಜಾಹೀರಾತು ಹಾಕಿ ಹುಡುಕಾಟದ ನೆತ್ತಿ ಮೇಲೆ ಕೂತಿದ್ದರು. ಅಲ್ಲಿಂದ ಇಳಿಸಿಕೊಂಡ ಜಿಪ್ ಫೈಲಿನಲ್ಲಿ ಸ್ಕ್ಯಾನರ್ ಹೆಸರಿನ ಫೈಲ್ ಇತ್ತು. ಜೊತೆಗೆ ಹಿಂಬಾಗಿಲು ತೆರೆಯುವ ಇನ್ನೊಂದು ಫೈಲೂ ಇತ್ತು.

ಅಲ್ಲ, ಕಳ್ಳರು ಸಿನಿಮಾ ಪ್ಲೇಯರ್ ಬಿಟ್ಟು ಸ್ಕ್ಯಾನರ್ ಹಿಂದೆ ಯಾಕೆ ಬೀಳಬೇಕು? ಅದನ್ನು ಇಳಿಸಿಕೊಳ್ಳುವವರು ಯಾರು ಯೋಚಿಸಿ. ಆಫೀಸಿನ ನೆಟ್‌ವರ್ಕ್ ನೋಡಿಕೊಳ್ಳುವ ಹುಡುಗ. ಸರ್ವರ್ ಪಾಸ್‌ವರ್ಡ್ ಬಲ್ಲವನು. ನನ್ನಂತೆ ಹತ್ತು ಅಂಗಡಿಗೆ ಹೋಗಿ ಬರುವವನು. ಮೇಲಾಗಿ ಅವನು ಅಡ್ಮಿನಿಸ್ಟ್ರೇಟರ್ ಆಗಿಯೇ ಓಡಿಸುತ್ತಾನೆ, ಆಂಟಿವೈರಸ್ ತಾನೇ ಆಫ್ ಮಾಡಿರುತ್ತಾನೆ. ಒಂದೊಂದು ಬೀಗ ಒಡೆಯುವ ಬದಲು ಬೀಗದ ಕೈ ಗೊಂಚಲು ಹಿಡಿದವನನ್ನೇ ಹಿಡಿದ ಹಾಗೆ.

ಹಳೇ ಆವೃತ್ತಿ ಅಂದರೆ ಇನ್ನೂ ಕೆಟ್ಟದ್ದು. ಮಾಡಿದವರ ಸೈಟಿನಲ್ಲಿ ಎದುರಿಗೆ ಇರುವುದು ಹೊಸದು ಮಾತ್ರ. ಎಷ್ಟೋ ಹಳೇ ಸಾಧನಗಳಿಗೆ ಮನೆಯೇ ಉಳಿದಿಲ್ಲ. ಹಾಗಾಗಿ ಹಳೇದು ಬೇಕೆಂದು ಹೊರಟವರು ಕಂಡವರ ಸೈಟಿನ ಬಾಗಿಲಿಗೇ ಹೋಗಿ ನಿಲ್ಲುತ್ತಾರೆ. ಹುಡುಗನ ಪೆನ್‌ಡ್ರೈವ್‌ಗೆ ಅದು ಎಲ್ಲಿಂದ ಬಂತು ಅಂತ ಕೇಳಿ ನೋಡಿ. ‘ಫ್ರೆಂಡ್ ಕೊಟ್ಟ’ ಅಂತಾನೆ. ಆ ಫ್ರೆಂಡಿಗೆ ಇನ್ನೊಬ್ಬ ಫ್ರೆಂಡ್.

ಈಗ ನಿಮ್ಮ ನಿಧಾನದ ಕಥೆಗೆ ಬರೋಣ. ಅದಕ್ಕೆ ಸ್ಕ್ಯಾನರೇ ಬೇಕಿಲ್ಲ. ರೂಟರ್ ಎತ್ತಿ ತಿರುಗಿಸಿ. ಧೂಳು ಒರೆಸಿ. ತಳದಲ್ಲಿ ಒಂದು ಚೀಟಿ ಅಂಟಿಸಿರುತ್ತದೆ. ಅದರಲ್ಲಿ 192.168.1.1 ಅಥವಾ 192.168.0.1 ಅಂತ ಏನೋ ಒಂದು ವಿಳಾಸ, ಯೂಸರ್ ನೇಮ್, ಪಾಸ್‌ವರ್ಡ್ ಇರುತ್ತದೆ. ಆ ಅಂಕಿಗಳನ್ನು ಬ್ರೌಸರ್‌ನ ವಿಳಾಸದ ಜಾಗದಲ್ಲಿ ಟೈಪ್ ಮಾಡಿ ಒಳಗೆ ಹೋಗಿ. ‘ಕನೆಕ್ಟೆಡ್ ಡಿವೈಸಸ್’ ಅಂತಲೋ ‘ಡಿಎಚ್‌ಸಿಪಿ ಕ್ಲೈಂಟ್ಸ್’ ಅಂತಲೋ ಒಂದು ಪಟ್ಟಿ ಸಿಗುತ್ತದೆ. ನಿಮ್ಮ ನೆಟ್ ಬಳಸುತ್ತಿರುವ ಪ್ರತಿಯೊಂದು ಫೋನು, ಟಿವಿ, ಕ್ಯಾಮೆರಾ ಡಬ್ಬ ಸಾಮಾನ್ಯವಾಗಿ ಅಲ್ಲಿರುತ್ತದೆ. ಬಾಗಿಲಲ್ಲಿ ಕೂತು ಚೀಟಿ ಹರಿಯುವವನೇ ರೂಟರ್. ಒಳಗೆ ಎಷ್ಟು ಜನ ಇದ್ದಾರೆ ಅಂತ ಅವನನ್ನು ಕೇಳುವುದು ಬಿಟ್ಟು, ಹೊರಗಿನವನನ್ನು ಕರೆಸಿ ತಲೆ ಎಣಿಸುವುದು ಯಾಕೆ?

ಪಟ್ಟಿ ನೋಡಿ ತಲೆ ಕೆಟ್ಟರೆ ಇನ್ನೂ ಸುಲಭದ ದಾರಿ ಇದೆ. ವೈ-ಫೈ ಪಾಸ್‌ವರ್ಡ್ ಬದಲಾಯಿಸಿಬಿಡಿ. ಎಲ್ಲರೂ ಆಚೆ ಬೀಳುತ್ತಾರೆ. ಬೇಕಾದವರನ್ನು ಮಾತ್ರ ಮತ್ತೆ ಸೇರಿಸಿಕೊಳ್ಳಿ. ರೂಟರ್ ಸೆಟ್ಟಿಂಗ್‌ನಲ್ಲಿ ವೈ-ಫೈ ಭದ್ರತೆ ಡಬ್ಲ್ಯೂಪಿಎ2 ಅಥವಾ ಡಬ್ಲ್ಯೂಪಿಎ3 ಇರಲಿ. ಡಬ್ಲ್ಯೂಪಿಎಸ್ (ಪಾಸ್‌ವರ್ಡ್ ಬದಲು ಗುಂಡಿ ಒತ್ತಿ ಅಥವಾ ಪಿನ್ ಕೊಟ್ಟು ಸೇರುವ ದಾರಿ) ಅನ್ನುವುದು ಆನ್ ಇದ್ದರೆ ಆಫ್ ಮಾಡಿ. ಆ ಚೀಟಿಯಲ್ಲಿರುವ ರೂಟರ್ ಪಾಸ್‌ವರ್ಡನ್ನೂ ಬದಲಾಯಿಸಿ, ಡೈರಿಯಲ್ಲಿ ಬರೆದಿಡಿ. ಗಿರಾಕಿಗಳಿಗೆ ನೆಟ್ ಕೊಡಲೇಬೇಕು ಅಂದರೆ ಗೆಸ್ಟ್ ನೆಟ್‌ವರ್ಕ್ ಬೇರೆ ಮಾಡಿ ಕೊಡಿ.

ಒಂದು ಮಾತು. ಪಾಸ್‌ವರ್ಡ್ ಕದಿಯಲು ಯಾರೂ ಕಷ್ಟಪಡಬೇಕಿಲ್ಲ. ಈಗಿನ ಫೋನಿನಲ್ಲಿ ‘ಶೇರ್’ ಒತ್ತಿದರೆ ಕ್ಯೂಆರ್ ಬರುತ್ತದೆ, ಪಕ್ಕದವರು ಸ್ಕ್ಯಾನ್ ಮಾಡಿದರೆ ಮುಗಿಯಿತು. ನಿಮ್ಮ ಅಂಗಡಿ ಹುಡುಗರೇ ಪಕ್ಕದ ಟೀ ಅಂಗಡಿಯವರಿಗೆ ತೋರಿಸಿರಬಹುದು. ಇನ್ನೊಂದು, ನಾನು ಕಂಡ ‘ಸಂಜೆ ನಿಧಾನ’ಗಳಲ್ಲಿ ಕಳ್ಳ ಸಿಕ್ಕಿದ್ದು ಕಡಿಮೆ. ಕೆಲಸ ಮುಗಿಸಿ ಬಂದವರ ಫೋನುಗಳೆಲ್ಲ ಫೋಟೋ ಬ್ಯಾಕಪ್ ಶುರು ಮಾಡಿರುತ್ತವೆ. ಅಥವಾ ಅಕ್ಕಪಕ್ಕದ ಅಂಗಡಿಗಳ ವೈ-ಫೈಗಳೆಲ್ಲ ಒಂದೇ ಚಾನೆಲ್‌ನಲ್ಲಿ ಗುದ್ದಾಡುತ್ತಿರುತ್ತವೆ. ರೂಟರ್‌ನಲ್ಲಿ 5 ಗಿಗಾಹರ್ಟ್ಸ್ ಇದ್ದರೆ ಆಫೀಸಿನ ಕಂಪ್ಯೂಟರನ್ನು ಅದಕ್ಕೆ ಸೇರಿಸಿ ನೋಡಿ. ಅದಕ್ಕಿಂತ ಒಂದು ಕೇಬಲ್ ಎಳೆಸಿಕೊಂಡರೆ ಇನ್ನೂ ವಾಸಿ. ಕೇಬಲ್ ಎಳೆಯುವವನಾಗಿ ಹೇಳುತ್ತಿದ್ದೇನೆ, ಸ್ವಾರ್ಥ ಇದೆ ಅಂದುಕೊಂಡರೂ ಸರಿ.

ಪ್ರಶ್ನೆ: ನಾನು ತುಮಕೂರಿನಲ್ಲಿ ಇಂಜಿನಿಯರಿಂಗ್ ಓದುತ್ತಿದ್ದೇನೆ. ಪ್ರಾಜೆಕ್ಟ್‌ಗೆ ಎನ್‌ಮ್ಯಾಪ್ ಕಲಿಯಬೇಕು. ನನ್ನ ಲ್ಯಾಪ್‌ಟಾಪ್ ಅಕ್ಕ ಕೊಟ್ಟಿದ್ದು, ವಿಂಡೋಸ್ 7. ಸೀನಿಯರ್ ಒಬ್ಬರು ಹಳೇ ಎನ್‌ಮ್ಯಾಪ್, ವಿನ್‌ಪಿಕ್ಯಾಪ್ ಎರಡೂ ಇರುವ ಒಂದು ಫೋಲ್ಡರ್ ಕೊಟ್ಟಿದ್ದಾರೆ. ಕಲಿಯೋದಕ್ಕೆ ಹಳೇದೇ ಸಾಕಲ್ವಾ?
— ವಿದ್ಯಾರ್ಥಿನಿ, ತುಮಕೂರು

ಉತ್ತರ: ಕಲಿಯುವ ಆಸೆ ಇಷ್ಟವಾಯಿತು. ಫೋಲ್ಡರ್ ಇಷ್ಟವಾಗಲಿಲ್ಲ ಪುಟ್ಟಿ.

ಎನ್‌ಮ್ಯಾಪ್ 1997ರ ಸೆಪ್ಟೆಂಬರ್‌ನಲ್ಲಿ ಮೊದಲು ಬಂತು. ನಿನಗಿಂತ ದೊಡ್ಡದು. ಆದರೂ ಇವತ್ತಿಗೂ ಹೊಸ ಆವೃತ್ತಿಗಳು ಬರುತ್ತಲೇ ಇವೆ. ಯಾಕೆಂದರೆ ಅದರ ಅರ್ಧ ಬುದ್ಧಿ ಇರುವುದು ಗುರುತುಗಳ ಪಟ್ಟಿಯಲ್ಲಿ. ಒಂದು ಯಂತ್ರದ ಜೊತೆ ನಾಲ್ಕು ಮಾತಾಡಿ, ಬಂದ ಉತ್ತರದ ಧಾಟಿ ನೋಡಿ, ಇದು ಇಂಥ ವಿಂಡೋಸ್, ಇದು ಇಂಥ ಪ್ರಿಂಟರ್ ಅಂತ ಊಹಿಸುತ್ತದೆ. ಹಳೇ ಆವೃತ್ತಿಯ ಪಟ್ಟಿಯಲ್ಲಿ ಹೊಸ ಯಂತ್ರಗಳ ಗುರುತು ಇಲ್ಲ. ಆಗ ಅದು ‘ಗೊತ್ತಿಲ್ಲ’ ಅಂದರೆ ಪರವಾಗಿಲ್ಲ. ಎಷ್ಟೋ ಸಲ ತಪ್ಪು ಹೆಸರು ಹೇಳುತ್ತದೆ. ನೀನು ಅದನ್ನೇ ಪ್ರಾಜೆಕ್ಟ್ ರಿಪೋರ್ಟ್‌ನಲ್ಲಿ ಬರೆಯುತ್ತೀಯ.

ವಿನ್‌ಪಿಕ್ಯಾಪ್‌ದು ಇನ್ನೊಂದು ಕಥೆ. ಅದು ನೆಟ್‌ವರ್ಕ್ ಕಾರ್ಡಿನ ಪಕ್ಕದಲ್ಲೇ, ವಿಂಡೋಸ್‌ನ ಹೊಟ್ಟೆಯೊಳಗೆ ಕೂತು, ನೆಟ್‌ವರ್ಕ್‌ನಲ್ಲಿ ಓಡಾಡುವ ಮಾಹಿತಿಯನ್ನು ಹಿಡಿದು ಕೊಡುವ ಡ್ರೈವರ್. ಅದರ ಕೊನೆಯ ಆವೃತ್ತಿ 4.1.3 ಬಂದದ್ದು 2013ರಲ್ಲಿ. ಆಮೇಲೆ ರಿಪೇರಿ ಮಾಡಿದವರಿಲ್ಲ. ಈಗಿನ ವಿಂಡೋಸ್‌ಗೆ ಎನ್‌ಪಿಕ್ಯಾಪ್ ಅಂತ ಬೇರೆ ಇದೆ. ಎನ್‌ಮ್ಯಾಪ್ ತಂಡದವರೇ ಮಾಡಿದ್ದು. ಹೊಸ ಎನ್‌ಮ್ಯಾಪ್ ಹಾಕಿದರೆ ಅದೇ ಜೊತೆಗೆ ಬರುತ್ತದೆ, ನೆಟ್‌ವರ್ಕ್ ಮಾತುಕತೆ ಹಿಡಿದು ತೋರಿಸುವ ವೈರ್‌ಶಾರ್ಕ್ ಕೂಡ ಈಗ ಅದನ್ನೇ ಬಳಸುತ್ತದೆ. ಹತ್ತು ವರ್ಷದಿಂದ ಯಾರೂ ನೋಡದ ಡ್ರೈವರನ್ನು ಅಷ್ಟು ಒಳಗೆ ಬಿಟ್ಟುಕೊಳ್ಳಬಾರದು. ಬೇರೆ ಸಾಫ್ಟ್‌ವೇರ್ ಕೆಟ್ಟರೆ ಮುಚ್ಚಿ ತೆರೆಯಬಹುದು, ಡ್ರೈವರ್ ಕೆಟ್ಟರೆ ನೀಲಿ ಪರದೆ.

ಇದನ್ನು ಹೇಳುವಾಗ ನನಗೂ ಸ್ವಲ್ಪ ಸಂಕಟ. ನನ್ನ ಮೊದಲ ಪ್ರೀತಿ ಸೂಪರ್‌ಸ್ಕ್ಯಾನ್ ಅನ್ನೋ ಪುಟ್ಟ ಸಾಧನ. ವಿಂಡೋಸ್ ಎಕ್ಸ್‌ಪಿ ಕಾಲದ್ದು. 2004ರಲ್ಲಿ ಎಕ್ಸ್‌ಪಿಗೆ ಸರ್ವಿಸ್ ಪ್ಯಾಕ್ 2 ಅನ್ನೋ ಅಪ್‌ಡೇಟ್ ಬಂದು, ಸಾಫ್ಟ್‌ವೇರ್‌ಗಳು ತಮಗೆ ಬೇಕಾದ ಹಾಗೆ ಪ್ಯಾಕೆಟ್ (ನೆಟ್‌ವರ್ಕ್‌ನಲ್ಲಿ ಹೋಗುವ ಮಾಹಿತಿಯ ತುಣುಕು) ಕಟ್ಟಿ ಕಳಿಸುವುದನ್ನು ಮೈಕ್ರೋಸಾಫ್ಟ್ ಬಿಗಿ ಮಾಡಿತು. ಅಲ್ಲಿಗೆ ಅಂಥ ಸ್ಕ್ಯಾನರ್‌ಗಳ ಕಾಲು ಕುಂಟಾಯಿತು. ಜೀವ ಇರುವ ಮಿಷನ್ನೂ ಸತ್ತಿದೆ ಅಂತ ತೋರಿಸುತ್ತಿತ್ತು. ಆದರೂ ವರ್ಷಗಟ್ಟಲೆ ಅದರ ಸಿಡಿ ಬ್ಯಾಗಿನಲ್ಲಿ ಇಟ್ಟುಕೊಂಡು ತಿರುಗಿದ್ದೇನೆ. ಸಿಡಿ ಡ್ರೈವ್‌ಗಳೇ ಹೋದ ಮೇಲೆ ಬಿಟ್ಟೆ.

ನಿನಗೆ ನನ್ನ ಸಲಹೆ ಇಷ್ಟು. ವಿಂಡೋಸ್ 7ಕ್ಕೆ ಮೈಕ್ರೋಸಾಫ್ಟ್ 2020ರ ಜನವರಿ 14ಕ್ಕೇ ಕೈ ಬಿಟ್ಟಿದೆ. ಆ ಲ್ಯಾಪ್‌ಟಾಪ್‌ಗೆ ವಿಂಡೋಸ್ ಬದಲು ಉಚಿತವಾಗಿ ಸಿಗುವ ಲಿನಕ್ಸ್ ಮಿಂಟ್ ಹಾಕು, ಅದರಲ್ಲೂ ಹಗುರವಾದ ಎಕ್ಸ್‌ಎಫ್‌ಸಿಇ ಆವೃತ್ತಿ. ಹಳೇ ಮಿಷನ್ ಮೇಲೂ ಓಡುತ್ತದೆ. ಅದರ ಸಾಫ್ಟ್‌ವೇರ್ ಮ್ಯಾನೇಜರ್‌ನಲ್ಲೇ ಎನ್‌ಮ್ಯಾಪ್ ಸಿಗುತ್ತದೆ, ಯಾವ ಸೈಟಿಗೂ ಅಲೆಯಬೇಕಿಲ್ಲ. ಅಲ್ಲಿ ಸಿಗುವ ಆವೃತ್ತಿಯ ಅಂಕಿ ಒಂದೆರಡು ಹೆಜ್ಜೆ ಹಿಂದಿದ್ದರೆ ಗಾಬರಿಯಾಗಬೇಡ. ಲಿನಕ್ಸ್‌ನವರು ಅಂಕಿ ಹಾಗೇ ಇಟ್ಟು ಒಳಗಿನ ತೂತು ಮುಚ್ಚುವುದುಂಟು. ಸೀನಿಯರ್ ಫೋಲ್ಡರಿನ ಹಳೇದಕ್ಕೂ ಇದಕ್ಕೂ ವ್ಯತ್ಯಾಸ ಅದೇ. ಇಲ್ಲಿ ನೋಡಿಕೊಳ್ಳುವವರಿದ್ದಾರೆ.

ವಿಂಡೋಸ್‌ನಲ್ಲೇ ಬೇಕು ಅಂದರೆ ಹೊಸ ವಿಂಡೋಸ್ ಇರುವ ಮಿಷನ್‌ನಲ್ಲಿ ಎನ್‌ಮ್ಯಾಪ್ ಡಾಟ್ ಆರ್ಗ್ ಅಂತ ಕೈಯಾರೆ ಟೈಪ್ ಮಾಡಿ ಹೋಗು. ಗೂಗಲ್‌ನಲ್ಲಿ ಹುಡುಕಬೇಡ. ಹುಡುಕಿದರೂ ‘ಪ್ರಾಯೋಜಿತ’ ಅಂತ ಇರುವುದನ್ನು ಮುಟ್ಟಬೇಡ. ಇಳಿಸಿದ ಫೈಲ್ ಮೇಲೆ ಬಲ ಕ್ಲಿಕ್ ಮಾಡಿ, ಪ್ರಾಪರ್ಟೀಸ್‌ನಲ್ಲಿ ‘ಡಿಜಿಟಲ್ ಸಿಗ್ನೇಚರ್ಸ್’ ಇದೆಯಾ ನೋಡು. ಓಡಿಸುವಾಗ ವಿಂಡೋಸ್ ಅನುಮತಿ ಕೇಳುವ ಪಟ್ಟಿ ನೀಲಿ ಇದ್ದರೆ ಸಹಿ ತಾಳೆಯಾಗಿದೆ ಅಂತ. ಹಳದಿ ಬಣ್ಣದಲ್ಲಿ ‘ಅನ್‌ನೋನ್ ಪಬ್ಲಿಷರ್’ ಅಂದರೆ ಅಲ್ಲೇ ಕೈ ನಿಲ್ಲಿಸು. ಹಳದಿ ಎಲ್ಲವೂ ಕಳ್ಳ ಅಲ್ಲ, ಕೆಲವು ಸಣ್ಣ ಉಚಿತ ಸಾಧನಗಳಿಗೆ ಸಹಿಯೇ ಇರುವುದಿಲ್ಲ. ಆದರೆ ಎನ್‌ಮ್ಯಾಪ್‌ಗೆ ಸಹಿ ಇದೆ. ಅದು ಹಳದಿ ತೋರಿಸಿದರೆ ಏನೋ ಎಡವಟ್ಟಾಗಿದೆ. ಅನುಮಾನ ಬಂದ ಫೈಲನ್ನು ವೈರಸ್‌ಟೋಟಲ್ ಸೈಟಿಗೆ ಹಾಕು. ಹತ್ತಾರು ಆಂಟಿವೈರಸ್‌ಗಳು ಒಟ್ಟಿಗೆ ನೋಡಿ ಹೇಳುತ್ತವೆ. ಒಂದೆರಡು ಮಾತ್ರ ‘ಹ್ಯಾಕ್ ಟೂಲ್’ ಅಂದರೆ ಅದು ಹಾರೆಯ ಲೆಕ್ಕ. ಇಪ್ಪತ್ತು ಸೇರಿ ‘ಟ್ರೋಜನ್’ (ಒಳ್ಳೆ ಸಾಫ್ಟ್‌ವೇರ್ ವೇಷದ ಕಳ್ಳ) ಅಂದರೆ ಅಳಿಸು.

ಕೊನೆಗೊಂದು, ಇದನ್ನು ಹಗುರವಾಗಿ ತಗೋಬೇಡ. ಹಾಸ್ಟೆಲ್ ವೈ-ಫೈ, ಕಾಲೇಜಿನ ನೆಟ್‌ವರ್ಕ್ ಇವುಗಳ ಮೇಲೆ ಸುಮ್ನೆ ಪ್ರಯೋಗ ಮಾಡಬೇಡ. ಮಾಡಲೇಬೇಕಿದ್ದರೆ ಲ್ಯಾಬ್‌ನವರ ಹತ್ತಿರ ಬರವಣಿಗೆಯಲ್ಲಿ ಒಪ್ಪಿಗೆ ತಗೋ. ನಮ್ಮ ಐಟಿ ಕಾಯ್ದೆ 2000ರ 43ನೇ ಸೆಕ್ಷನ್, ಮಾಲೀಕರ ಅನುಮತಿ ಇಲ್ಲದೆ ಅವರ ಕಂಪ್ಯೂಟರ್, ನೆಟ್‌ವರ್ಕ್ ಒಳಗೆ ಹೋಗುವುದರ ಬಗ್ಗೆಯೇ ಇದೆ. ಅಪ್ರಾಮಾಣಿಕವಾಗಿ ಅಥವಾ ಮೋಸದಿಂದ ಮಾಡಿದರೆ 66ನೇ ಸೆಕ್ಷನ್‌ನಲ್ಲಿ ಮೂರು ವರ್ಷದವರೆಗೆ ಜೈಲು, 5 ಲಕ್ಷ ರೂಪಾಯಿವರೆಗೆ ದಂಡ, ಎರಡೂ ಆಗಬಹುದು. ಅಭ್ಯಾಸಕ್ಕೆ ಎನ್‌ಮ್ಯಾಪ್‌ನವರೇ ‘ಸ್ಕ್ಯಾನ್‌ಮೀ’ ಅಂತ ಒಂದು ಸರ್ವರ್ ಇಟ್ಟಿದ್ದಾರೆ. ಎನ್‌ಮ್ಯಾಪ್ ಡಾಟ್ ಆರ್ಗ್‌ಗೆ ಮೊದಲು ಆ ಪದ, ನಡುವೆ ಒಂದು ಚುಕ್ಕಿ ಸೇರಿಸಿದರೆ ವಿಳಾಸ ಸಿಕ್ಕಿತು. ಅದರ ಮೇಲೆ ದಿನಕ್ಕೆ ನಾಲ್ಕೈದು ಸಲ ಅಭ್ಯಾಸ ಮಾಡಿದರೆ ಯಾರೂ ಬೇಡ ಅನ್ನುವುದಿಲ್ಲ. ಮನೆಯ ರೂಟರ್ ಅಂತೂ ನಿಮ್ಮದೇ.

ಪ್ರಶ್ನೆ: ಪ್ಲೇ ಸ್ಟೋರ್‌ನಿಂದ ಫಿಂಗ್ ಆಪ್ ಹಾಕಿ ನೋಡಿದೆ. ಮನೆಯಲ್ಲಿ ನಾವು ನಾಲ್ಕೇ ಜನ. ಒಂಬತ್ತು ಸಾಧನ ತೋರಿಸುತ್ತಿದೆ! ಮೂರಕ್ಕೆ ಹೆಸರೇ ಇಲ್ಲ. ರಾತ್ರಿ ನಿದ್ದೆ ಬಂದಿಲ್ಲ.
— ಶಿಕ್ಷಕಿ, ಗುಬ್ಬಿ

ಉತ್ತರ: ನಿದ್ದೆ ಮಾಡಿ ಮೇಡಂ. ಆಮೇಲೆ ಎಣಿಸೋಣ.

ನಮ್ಮ ಮನೆಯಲ್ಲೂ ನಾಲ್ಕೇ ಜನ. ಹೋದ ಭಾನುವಾರ ನಿಮ್ಮ ಪತ್ರ ಹಿಡಿದುಕೊಂಡೇ ಎಣಿಸಿದೆ. ಫೋನು ನಾಲ್ಕು. ನನ್ನ ಹಳೇ ಫೋನು ಒಂದು, ಮಗ ಆಟಕ್ಕೆ ಇಟ್ಟುಕೊಂಡಿದ್ದು. ಟಿವಿ. ಲ್ಯಾಪ್‌ಟಾಪ್. ಪ್ರಿಂಟರ್. ಬಾಗಿಲ ಹೊರಗಿನ ಕ್ಯಾಮೆರಾ. ರೂಟರ್ ತಾನೇ ಒಂದು. ಹತ್ತಾಯಿತು. ಪಟ್ಟಿಯಲ್ಲಿದ್ದ ಹನ್ನೊಂದನೆಯದು ಮಾತ್ರ ಸಿಗಲೇ ಇಲ್ಲ. ಅರ್ಧ ಗಂಟೆ ಹುಡುಕಿದ ಮೇಲೆ ಹೆಂಡತಿ ಹೇಳಿದಳು, ‘ಮೇಲಿನ ಮನೆ ಅಜ್ಜಿಗೆ ಪಾಸ್‌ವರ್ಡ್ ಕೊಟ್ಟಿದ್ದು ನೀವೇ ಅಲ್ವಾ?’ ಹೌದು, ಅವರ ಟಿವಿ ರಿಪೇರಿ ಮಾಡಿದಾಗ ಕೊಟ್ಟಿದ್ದೆ.

ಹೆಸರಿಲ್ಲದ್ದಕ್ಕೆ ಒಂದು ಕಾರಣ ಇದೆ. ಪ್ರತಿ ಸಾಧನಕ್ಕೂ ಮ್ಯಾಕ್ ವಿಳಾಸ ಅಂತ ಇರುತ್ತದೆ, ಎರಡೆರಡು ಅಕ್ಷರದ ಆರು ಜೋಡಿ. ಮೊದಲ ಮೂರು ಜೋಡಿ ನೋಡಿದರೆ ಯಾವ ಕಂಪನಿ ಮಾಡಿದ್ದು ಅಂತ ತಿಳಿಯುತ್ತದೆ. ಆದರೆ 2019ರ ಆಂಡ್ರಾಯ್ಡ್ 10, 2020ರ ಐಒಎಸ್ 14ರಿಂದ ಈಚೆಗೆ ಫೋನುಗಳು ಪ್ರತಿ ವೈ-ಫೈಗೂ ಒಂದೊಂದು ಸುಳ್ಳು ವಿಳಾಸ ಕೊಡುತ್ತವೆ. ಹೋದಲ್ಲೆಲ್ಲ ನಿಮ್ಮನ್ನು ಯಾರೂ ಗುರುತು ಹಿಡಿಯದಿರಲಿ ಅಂತ. ಒಳ್ಳೆಯದೇ, ಆದರೆ ಆಪ್‌ಗೆ ಕಂಪನಿ ತಿಳಿಯುವುದಿಲ್ಲ. ಇದನ್ನು ಪತ್ತೆ ಮಾಡಲು ಒಂದು ಉಪಾಯ. ಮ್ಯಾಕ್ ವಿಳಾಸದ ಎರಡನೇ ಅಕ್ಷರ 2, 6, ಎ, ಇ ಈ ನಾಲ್ಕರಲ್ಲಿ ಒಂದಾಗಿದ್ದರೆ ಅದು ಸಾಮಾನ್ಯವಾಗಿ ಇಂಥ ಸುಳ್ಳು ವಿಳಾಸ. ರೂಟರ್ ಪಟ್ಟಿಯಲ್ಲಿ ನೋಡಿ. ಆಮೇಲೆ ಮನೆಯವರ ಫೋನಿನ ವೈ-ಫೈ ಒಂದೊಂದಾಗಿ ಆಫ್ ಮಾಡುತ್ತಾ ಬನ್ನಿ. ಪಟ್ಟಿಯಿಂದ ಹೋಗುವುದಕ್ಕೆ ಒಂದೆರಡು ನಿಮಿಷ ತಡವಾಗಬಹುದು, ಆತುರ ಬೇಡ. ಮೂರರಲ್ಲಿ ಎರಡಾದರೂ ನಿಮ್ಮದೇ ಫೋನ್ ಅಂತ ನನ್ನ ಊಹೆ. ಉಳಿದಿದ್ದಕ್ಕೆ ಪಾಸ್‌ವರ್ಡ್ ಬದಲಾವಣೆಯೇ ಮದ್ದು.

ಪ್ರಶ್ನೆ: ಕ್ರ್ಯಾಕ್ ಮಾಡಿದ (ದುಡ್ಡು ಕೊಡದೆ ಬಳಸಲು ಬೀಗ ಮುರಿದ) ಒಂದು ಸ್ಕ್ಯಾನರ್ ಹಾಕಿದ್ದಾಯಿತು. ಆವತ್ತಿಂದ ಬ್ರೌಸರ್ ತಾನಾಗಿಯೇ ಏನೇನೋ ತೆರೆಯುತ್ತಿದೆ. ಈಗೇನು ಮಾಡಲಿ? ಅದೇ ಕಂಪ್ಯೂಟರ್‌ನಲ್ಲಿ ಬ್ಯಾಂಕ್ ಕೆಲಸವೂ ಮಾಡುತ್ತೇನೆ.
— ಸಿರಾ

ಉತ್ತರ: ಇದನ್ನು ಓದುವ ಮೊದಲು ನೆಟ್ ಕೇಬಲ್ ಕಿತ್ತು ಬನ್ನಿ.

ಬ್ಯಾಂಕ್, ಇಮೇಲ್ ಪಾಸ್‌ವರ್ಡ್‌ಗಳನ್ನು ಬೇರೆ ಫೋನಿನಿಂದ ಬದಲಾಯಿಸಿ. ಅದೇ ಮಿಷನ್‌ನಿಂದ ಬದಲಾಯಿಸಿದರೆ ಹೊಸದನ್ನೂ ಕಳ್ಳನಿಗೇ ಓದಿ ಹೇಳಿದ ಹಾಗೆ. ಖಾತೆಯಿಂದ ದುಡ್ಡು ಹೋಗಿದ್ದರೆ ತಡಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಫೋನ್ ಮಾಡಿ, ಬ್ಯಾಂಕಿಗೂ ಹೇಳಿ. ಮಿಷನ್ ತೊಳೆಯಲು ಕೇಂದ್ರ ಸರ್ಕಾರದ ಸೈಬರ್ ಸ್ವಚ್ಛತಾ ಕೇಂದ್ರದ ಸೈಟಿನಲ್ಲಿ ಉಚಿತ ಸಾಧನಗಳಿವೆ. ಆದರೆ ಬ್ಯಾಂಕ್ ಕೆಲಸ ಮಾಡುವ ಕಂಪ್ಯೂಟರ್ ಅಂದಿರಿ. ನಾನಾದರೆ ಬೇಕಾದ ಫೈಲುಗಳನ್ನು ಮಾತ್ರ ತೆಗೆದಿಟ್ಟುಕೊಂಡು ವಿಂಡೋಸ್ ಪೂರ್ತಿ ಹೊಸದಾಗಿ ಹಾಕುತ್ತೇನೆ. ಬೇಜಾರಿನ ಕೆಲಸ, ಗೊತ್ತು. ಹಾಕುವಾಗ ಆ ಕ್ರ್ಯಾಕ್ ಫೈಲನ್ನು ‘ಇರಲಿ, ಮುಂದೆ ಬೇಕಾಗಬಹುದು’ ಅಂತ ಡಿ ಡ್ರೈವ್‌ನಲ್ಲಿ ಉಳಿಸಬೇಡಿ. ನಗಬೇಡಿ, ಹಾಗೆ ಉಳಿಸಿದವರ ಮನೆಗೆ ನಾನು ಎರಡು ಸಲ ಹೋಗಿದ್ದೇನೆ.

ಪ್ರಶ್ನೆ: ಯಾವ ಸಾಫ್ಟ್‌ವೇರೂ ಹಾಕದೆ ವಿಂಡೋಸ್‌ನಲ್ಲೇ ನೋಡೋಕೆ ಆಗಲ್ವಾ?
— ಓದುಗರು, ಕುಣಿಗಲ್

ಉತ್ತರ: ಸ್ವಲ್ಪ ಮಟ್ಟಿಗೆ ಆಗುತ್ತದೆ. ಕಮಾಂಡ್ ಪ್ರಾಂಪ್ಟ್ ತೆರೆಯಿರಿ. ಇಂಗ್ಲಿಷ್ ಅಕ್ಷರದಲ್ಲಿ ಎ, ಆರ್, ಪಿ ಟೈಪ್ ಮಾಡಿ, ಒಂದು ಜಾಗ ಬಿಟ್ಟು, ಚಿಕ್ಕ ಅಡ್ಡಗೆರೆ, ಅದಕ್ಕೆ ಅಂಟಿಕೊಂಡು ಇನ್ನೊಂದು ಎ. ಎಂಟರ್ ಒತ್ತಿ. ನಿಮ್ಮ ಕಂಪ್ಯೂಟರ್ ಈಚೆಗೆ ಮಾತಾಡಿಸಿದ ಸಾಧನಗಳ ಐಪಿ, ಮ್ಯಾಕ್ ಎರಡೂ ಬರುತ್ತವೆ. ಮಾತಾಡಿಸದವರು ಬರುವುದಿಲ್ಲ. ಹಾಗಾಗಿ ಪೂರ್ತಿ ಪಟ್ಟಿ ಬೇಕಿದ್ದರೆ ಮತ್ತೆ ರೂಟರ್ ಹತ್ತಿರವೇ ಹೋಗಬೇಕು. ತಳದ ಚೀಟಿ ಮಾಸಿ ಓದಲಾಗದಿದ್ದರೆ, ಕಮಾಂಡ್ ಪ್ರಾಂಪ್ಟ್‌ನಲ್ಲೇ ಐಪಿಕಾನ್ಫಿಗ್ ಅಂತ ಇಂಗ್ಲಿಷಲ್ಲಿ ಕೊಡಿ. ‘ಡೀಫಾಲ್ಟ್ ಗೇಟ್‌ವೇ’ ಎದುರಿಗೆ ಇರುವುದೇ ರೂಟರ್‌ನ ವಿಳಾಸ. ಪಾಸ್‌ವರ್ಡ್ ಮಾತ್ರ ಅಲ್ಲಿ ಸಿಗುವುದಿಲ್ಲ, ಅದಕ್ಕೆ ನೆಟ್ ಹಾಕಿಕೊಟ್ಟವರಿಗೆ ಫೋನ್ ಮಾಡಬೇಕು.